ಕತ್ತರಿಸಿದ ಪ್ಯಾರಾದಲ್ಲಿದ್ದ ಹೆಸರು

“ಕಳೆದ ಸಂಚಿಕೆಯಲ್ಲಿ ‘ಹಿರೋಷಿಮಾ ಮೊನ್ ಅಮೂರ್’ ಬಗ್ಗೆ ನಾಲ್ಕು ಪುಟ ಬರೆದಿದ್ದೀರಿ. ನಿರ್ದೇಶಕ, ಲೇಖಕಿ, ನಟಿ, ಸಂಗೀತ ಎಲ್ಲ ಬಂತು. ದುಡ್ಡು ಹಾಕಿದವನ ಹೆಸರು ಮಾತ್ರ ಇಲ್ಲ. ನಮ್ಮ ರಾಜಕುಮಾರ್ ನಿರ್ಮಾಪಕರನ್ನು ಅನ್ನದಾತರು ಎನ್ನುತ್ತಿದ್ದರು. ಫ್ರಾನ್ಸಿನವರಿಗೆ ಅಷ್ಟು ಕೃತಜ್ಞತೆಯೂ ಇಲ್ಲವೇ? ಅಥವಾ ಅಲ್ಲಿಯ ನಿರ್ಮಾಪಕನಿಗೆ ಚೆಕ್ ಬರೆಯುವುದು ಬಿಟ್ಟು ಬೇರೆ ಕೆಲಸವೇ ಇಲ್ಲವೇ?”
— ಸಾಗರದ ಓದುಗರೊಬ್ಬರು

ಮಾನ್ಯರೇ,

ತಪ್ಪು ಫ್ರಾನ್ಸಿನವರದಲ್ಲ, ನನ್ನದು. ಲೇಖನ ನಾಲ್ಕು ಪುಟದೊಳಗೆ ಕೂರಲಿಲ್ಲವೆಂದು ಒಂದು ಪ್ಯಾರಾ ತೆಗೆದೆ. ಆ ಚಿತ್ರದ ನಿರ್ಮಾಪಕ ಅನತೋಲ್ ದೋಮಾನ್ ಇದ್ದದ್ದು ಅದರಲ್ಲೇ. ನಿರ್ಮಾಪಕನ ಪ್ಯಾರಾ ಹೋದರೆ ಯಾರೂ ಕೇಳಲಿಕ್ಕಿಲ್ಲ ಅಂದುಕೊಂಡಿದ್ದೆ. ನೀವು ಕೇಳಿದಿರಿ.

ದೋಮಾನ್ ಹುಟ್ಟಿದ್ದು 1925ರಲ್ಲಿ, ವಾರ್ಸಾದಲ್ಲಿ. 1949ರಲ್ಲಿ ಪ್ಯಾರಿಸ್ಸಿನಲ್ಲಿ ಫಿಲಿಪ್ ಲಿಫ್ಶಿಟ್ಸ್ ಜೊತೆ ಸೇರಿ ಆರ್ಗೋಸ್ ಫಿಲ್ಮ್ಸ್ ಶುರು ಮಾಡಿದರು. ಮೊದಮೊದಲು ಕಲೆಯ ಕುರಿತ ಕಿರುಚಿತ್ರಗಳು. ನಾಜಿ ಶಿಬಿರಗಳ ಬಿಡುಗಡೆಗೆ ಹತ್ತು ವರ್ಷ ತುಂಬಿದಾಗ ‘ನೈಟ್ ಅಂಡ್ ಫಾಗ್’ ಬಂತು. 32 ನಿಮಿಷದ ಸಾಕ್ಷ್ಯಚಿತ್ರ, ನಿರ್ದೇಶನ ಮುಂದೆ ‘ಹಿರೋಷಿಮಾ’ ಮಾಡಿದ ಅಲೇನ್ ರೆನೆ ಅವರದೇ. ಅದರ ಒಂದು ಫೋಟೋದಲ್ಲಿ, ಶಿಬಿರ ಕಾಯುತ್ತಿದ್ದ ಪೊಲೀಸಿನವನ ತಲೆಯ ಮೇಲೆ ಫ್ರೆಂಚ್ ಟೋಪಿ ಎದ್ದು ಕಾಣುತ್ತಿತ್ತು. ಫ್ರೆಂಚರೂ ಕಾವಲಿಗಿದ್ದರೆಂದು ಅದರಿಂದ ಗೊತ್ತಾಗುತ್ತದೆಂದು ಸೆನ್ಸಾರಿನವರು ತಕರಾರು ತೆಗೆದರು. ಹಗ್ಗಜಗ್ಗಾಟ ನಡೆದು, ಕೊನೆಗೆ ಟೋಪಿ ಮುಚ್ಚುವಂತೆ ಒಂದು ತೊಲೆಯ ಚಿತ್ರ ಬರೆದರು, ಫೋಟೋ ಉಳಿಯಿತು. 1956ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದ ಸ್ಪರ್ಧೆಯಿಂದ ಅದನ್ನು ಹಿಂತೆಗೆಯಬೇಕೆಂದು ಪಶ್ಚಿಮ ಜರ್ಮನಿಯ ರಾಯಭಾರ ಕಚೇರಿ ಪಟ್ಟು ಹಿಡಿಯಿತು. ಗದ್ದಲವೆದ್ದ ಮೇಲೆ ಸ್ಪರ್ಧೆಯ ಹೊರಗೆ ತೋರಿಸಿದರು.

ಈಗ ನೀವು ಕೇಳಿದ ಚಿತ್ರಕ್ಕೆ ಬರೋಣ. ಆರ್ಗೋಸ್‌ಗೆ ಮೊದಲು ಬೇಕಿದ್ದದ್ದು ಅಣುಬಾಂಬಿನ ಬಗ್ಗೆ ಒಂದು ಸಾಕ್ಷ್ಯಚಿತ್ರ, ಅಷ್ಟೇ. ರೆನೆ ತಿಂಗಳುಗಟ್ಟಲೆ ಒದ್ದಾಡಿ, ಇದು ನನ್ನಿಂದ ಆಗದು, ಹಿಂದಿನ ಚಿತ್ರವನ್ನೇ ಮತ್ತೆ ಮಾಡಿದಂತಾಗುತ್ತದೆ ಎಂದು ಕೈಚೆಲ್ಲಿದರು. ಲೆಕ್ಕ ನೋಡುವ ಯಾರಾದರೂ ಅಲ್ಲಿಗೇ ಕಡತ ಮುಚ್ಚುತ್ತಿದ್ದರು, ಇಲ್ಲವೇ ಬೇರೆ ನಿರ್ದೇಶಕನನ್ನು ಹಿಡಿಯುತ್ತಿದ್ದರು. ದೋಮಾನ್ ಎರಡನ್ನೂ ಮಾಡಲಿಲ್ಲ. ಸಾಕ್ಷ್ಯಚಿತ್ರ ಕಥಾಚಿತ್ರವಾಗುವುದಾದರೆ ಆಗಲಿ ಎಂದು ಬಿಟ್ಟರು. ಕಾದಂಬರಿಗಾರ್ತಿ ಮಾರ್ಗರಿತ್ ದ್ಯುರಾಸ್ ಬಂದದ್ದು ಆಮೇಲೆ. ಜಪಾನಿನ ಸಿನಿಮಾ ಕಂಪನಿ ದಾಯೇಯಿ ಜೊತೆಗೂಡಿತು, ಆದರೆ ಕರಾರಿನ ಮೇಲೆ: ಚಿತ್ರೀಕರಣ ಎರಡೂ ದೇಶಗಳಲ್ಲಿ ಆಗಬೇಕು, ಮುಖ್ಯ ಪಾತ್ರಗಳಲ್ಲಿ ಒಂದು ಫ್ರೆಂಚ್, ಇನ್ನೊಂದು ಜಪಾನಿ ಇರಬೇಕು. ನಮ್ಮ ಲೇಖಕರು ಎರಡು ಪುಟ ಕೊಂಡಾಡಿದ ಆ ಹಿರೋಷಿಮಾ ಮತ್ತು ಫ್ರಾನ್ಸಿನ ಊರು ನೆವೇರ್‌ಗಳ ಜೋಡಣೆಯ ಪಕ್ಕದಲ್ಲಿ ಈ ಕರಾರುಪತ್ರವನ್ನೂ ಇಟ್ಟು ನೋಡಿ. ದ್ಯುರಾಸರ ಪ್ರತಿಭೆ ಇದರಿಂದ ಕುಂದುವುದಿಲ್ಲ. ಆದರೆ ಕಥೆಗೆ ಎರಡು ಊರು ಬೇಕೆಂದು ಮೊದಲು ಬರೆದುಕೊಟ್ಟದ್ದು ವ್ಯವಹಾರದ ಕಾಗದ.

ಎರಡು ದೇಶದ ದುಡ್ಡು ಸೇರಿದರೆ ಇಂಥ ಶರತ್ತು ಇದ್ದದ್ದೇ. ಫ್ರೆಂಚ್ ನಿರ್ದೇಶಕ ಗೊಡಾರ್ ಅವರ ‘ಮಾಸ್ಕ್ಯುಲಾಂ ಫೆಮಿನಾಂ’ಗೆ ಸ್ವೀಡನ್ನಿನ ಪಾಲುದಾರರಿದ್ದರು, ಅದರ ಪಾತ್ರಗಳು ಥಿಯೇಟರಿನಲ್ಲಿ ಕೂತು ನೋಡುವ ಸಿನಿಮಾದಲ್ಲಿ ನಟಿಸಿದವರು ಸ್ವೀಡಿಷ್ ನಟರು. ಇನ್ನು ಸರ್ಕಾರದ ನೆರವು: ಫ್ರಾನ್ಸಿನಲ್ಲಿ ಟಿಕೆಟ್ಟಿನ ಮೇಲಿನ ತೆರಿಗೆಯ ಒಂದು ಭಾಗ ಮತ್ತೆ ಸಿನಿಮಾ ತಯಾರಿಕೆಗೇ ಬರುತ್ತದೆ. ಗಳಿಕೆ ಬಂದ ಮೇಲೆ ತೀರಿಸುವ ಮುಂಗಡದ ಪದ್ಧತಿ 1959ರಲ್ಲಿ ಬಂತು. ಅದು ಬೇರೆಯೇ ಲೇಖನದ ವಿಷಯ.

ನನಗೆ ದೋಮಾನ್ ಚೆನ್ನಾಗಿ ಅರ್ಥವಾಗುವುದು 1976ರ ‘ಇನ್ ದ ರೆಲ್ಮ್ ಆಫ್ ದ ಸೆನ್ಸಸ್’ನಲ್ಲಿ. ಕಾಮವನ್ನೇ ವಸ್ತುವಾಗಿಟ್ಟು ಚಿತ್ರ ಮಾಡೋಣ ಎಂದು ಜಪಾನಿ ನಿರ್ದೇಶಕ ನಗೀಸಾ ಓಷಿಮಾ ಅವರನ್ನು ಕೇಳಿದ್ದು ದೋಮಾನ್. ಜಪಾನಿನ ಕಾನೂನಿನಲ್ಲಿ ಅಂಥ ಚಿತ್ರ ಅಲ್ಲಿ ತಯಾರಾಗುವಂತಿರಲಿಲ್ಲ. ಹಾಗಾಗಿ ಕಚ್ಚಾ ಫಿಲಂ ಫ್ರಾನ್ಸಿನಿಂದ ಹೋಯಿತು, ಶೂಟಿಂಗ್ ಜಪಾನಿನಲ್ಲಾಯಿತು, ತೊಳೆಯದ ನೆಗೆಟಿವ್ ಡಬ್ಬಿಗಳು ಹಾಗೇ ಫ್ರಾನ್ಸಿಗೆ ಮರಳಿದವು. ತೊಳೆದದ್ದು, ಎಡಿಟ್ ಮಾಡಿದ್ದು ಅಲ್ಲೇ. ಕಾಗದದ ಮೇಲೆ ಅದು ಫ್ರೆಂಚ್ ಸಿನಿಮಾ! ಓಷಿಮಾ ಮೇಲೆ ಜಪಾನಿನಲ್ಲಿ ಅಶ್ಲೀಲತೆಯ ಮೊಕದ್ದಮೆ ಬಿದ್ದದ್ದೂ ಸಿನಿಮಾಕ್ಕಾಗಿ ಅಲ್ಲ, ಚಿತ್ರಕಥೆ ಮತ್ತು ಸ್ಥಿರಚಿತ್ರಗಳ ಪುಸ್ತಕಕ್ಕಾಗಿ. 1982ರಲ್ಲಿ ಅಂತಿಮವಾಗಿ ಖುಲಾಸೆಯಾಯಿತು. ಕ್ಯಾಮೆರಾ ಎಲ್ಲಿಡಬೇಕೆಂದು ದೋಮಾನ್ ಹೇಳಲಿಲ್ಲ. ಡಬ್ಬಿಗಳು ಯಾವ ದಾರಿ ಹಿಡಿಯಬೇಕೆಂಬುದು ಗೊತ್ತಾಗದಿದ್ದರೆ ಕ್ಯಾಮೆರಾಕ್ಕೆ ಕೆಲಸವೇ ಇರುತ್ತಿರಲಿಲ್ಲ.

ಕ್ರಿಸ್ ಮಾರ್ಕರ್ ಅವರ ‘ಲಾ ಜೆತೆ’ ಹೆಚ್ಚುಕಡಿಮೆ ಪೂರ್ತಿ ಸ್ಥಿರಚಿತ್ರಗಳಲ್ಲೇ ಸಾಗುವ 28 ನಿಮಿಷದ ಕಥೆ. ಇದನ್ನು ಯಾವ ಥಿಯೇಟರಿನವರಿಗೆ ಮಾರುವುದು? ಅದಕ್ಕೂ ಆರ್ಗೋಸ್ ಕೈ ಹಾಕಿತು. 1979ರಲ್ಲಿ ‘ದ ಟಿನ್ ಡ್ರಮ್’, 1984ರಲ್ಲಿ ‘ಪ್ಯಾರಿಸ್, ಟೆಕ್ಸಾಸ್’, ಎರಡಕ್ಕೂ ಕಾನ್‌ನ ಅತ್ಯುನ್ನತ ಪ್ರಶಸ್ತಿ ಪಾಮ್ ದೋರ್ ಬಂತು. ಎಲ್ಲವೂ ಗೆಲುವಲ್ಲ. ವಿಮ್ ವೆಂಡರ್ಸ್ ಜೊತೆ ಹಲವು ದೇಶ ಸುತ್ತಿ ಮಾಡಿದ ‘ಅಂಟಿಲ್ ದ ಎಂಡ್ ಆಫ್ ದ ವರ್ಲ್ಡ್’ 1991ರಲ್ಲಿ ತೆರೆಕಂಡು ನೆಲಕಚ್ಚಿತು. ದೋಮಾನ್‌ಗೆ ಆಗ 66. ತೀರಿಕೊಂಡದ್ದು 1998ರಲ್ಲಿ.

ಅನ್ನದಾತ ಎಂಬ ಮಾತಿನ ಬಗ್ಗೆ. ರಾಜಕುಮಾರ್ ಬಾಯಲ್ಲಿ ಅದು ವಿನಯ, ಅದರ ತೂಕ ದೊಡ್ಡದು. ಆದರೆ ದೋಮಾನ್‌ಗೆ ಅದು ಸರಿಹೊಂದದು ಅನ್ನಿಸುತ್ತದೆ. ಅವರು ಬಡಿಸಿದವರಲ್ಲ, ಊಟಕ್ಕೆ ಇಂಥವರನ್ನು ಕರೆಯಬೇಕೆಂದು ಗೊತ್ತಿದ್ದವರು. ಕರೆದವರು ಬೇರೆ ಅಡುಗೆ ಬೇಕೆಂದರೆ ಒಲೆ ಬದಲಿಸಲು ಸಿದ್ಧರಿದ್ದವರು.

ಆ ಲೇಖನ ಮುಂದೆ ಪುಸ್ತಕಕ್ಕೆ ಸೇರುವಾಗ ಪ್ಯಾರಾ ಮರಳಿ ಬರುತ್ತದೆ. ರೆನೆಗೆ ತೊಡಿಸಿದ ವಿಶೇಷಣಗಳಲ್ಲಿ ನಾಲ್ಕನ್ನು ಇಳಿಸಿದರೆ ಜಾಗ ಧಾರಾಳವಾಗಿ ಸಿಗುತ್ತದೆ.

— ಸಂ.