ಸಂಪಾದಕರ ಉತ್ತರ: ಕಾಳಗವನ್ನು ಕಾಗದದ ಮೇಲೆ ಕಟ್ಟಿದವರು

ಮಾನ್ಯರೇ,

ಜಪಾನಿನ ನಿರ್ದೇಶಕ ಕಿಂಜಿ ಫುಕಸಾಕು ಅವರನ್ನು ಕುರಿತ ನಮ್ಮ ಹಿಂದಿನ ಸಂಚಿಕೆಯ ಲೇಖನವನ್ನು ಓದಿ ನೀವು ಎರಡು ಪ್ರಶ್ನೆ ಕೇಳಿದ್ದೀರಿ. ಕ್ಯಾಮೆರಾ ಓಲಾಡುತ್ತ, ಜನ ಚೆಲ್ಲಾಪಿಲ್ಲಿಯಾಗಿ ಓಡುವ ‘ಜಿಂಗಿ ನಾಕಿ ತತಕಾಯ್’ (ಧರ್ಮವಿಲ್ಲದ ಕಾಳಗ) ಎಂಬ ಅವರ ಗ್ಯಾಂಗ್ ಕಾಳಗದ ಮಾಲಿಕೆಯ ಚಿತ್ರಗಳಿಗೆ ಚಿತ್ರಕಥೆ ಎಂಬುದೊಂದು ಇರುತ್ತದೆಯೇ, ಇದ್ದರೆ ಬರೆದವರ ಹೆಸರು ಲೇಖನದಲ್ಲಿ ಏಕಿಲ್ಲ ಎಂಬುದು ಮೊದಲನೆಯದು. ಐದನೆಯ ಭಾಗದ ಧಾಟಿ ಬೇರೆಯಾಗಿರುವುದೇಕೆ ಎಂಬುದು ಎರಡನೆಯದು. ಹೆಸರು ಬಿಟ್ಟುಹೋದದ್ದು ನಮ್ಮ ತಪ್ಪು. ಅವರು ಕಜುವೊ ಕಸಹಾರ.

1927ರಲ್ಲಿ ಟೋಕಿಯೊದಲ್ಲಿ ಹುಟ್ಟಿದ ಕಸಹಾರ 1954ರಲ್ಲಿ ತೋಯೆಯ್ ಚಿತ್ರಸಂಸ್ಥೆಯನ್ನು ಸೇರಿದ್ದು ಪ್ರಚಾರ ವಿಭಾಗಕ್ಕೆ. ಚಿತ್ರಕಥೆಗಾರರಾದದ್ದು ನಾಲ್ಕು ವರ್ಷಗಳ ತರುವಾಯ. ಕೊಟ್ಟ ಮಾತಿಗಾಗಿ, ಉಂಡ ಅನ್ನದ ಋಣಕ್ಕಾಗಿ ಪ್ರಾಣ ಒಪ್ಪಿಸುವ ಯಕೂಜಾ (ಜಪಾನಿನ ಭೂಗತ ಗ್ಯಾಂಗು) ನಾಯಕರ ಚಿತ್ರಗಳು 1960ರ ದಶಕದಲ್ಲಿ ಆ ಸಂಸ್ಥೆಯ ಮುಖ್ಯ ಸರಕಾಗಿದ್ದವು, ಮತ್ತು ಅವನ್ನು ಬರೆದವರಲ್ಲಿ ಇವರೂ ಒಬ್ಬರು. ಆದರೆ 1968ರ ‘ಸೋಚೋ ತೋಬಕು’ವಿನಲ್ಲಿ, ಗುಂಪಿನ ಕಟ್ಟಳೆಯನ್ನು ಪಾಲಿಸಲು ಹೋಗಿ ಸೋದರಸಮಾನನಾದ ಗೆಳೆಯನನ್ನೇ ಕೊಂದ ನಾಯಕ, ಕೊನೆಗೆ ಸಂಚುಗಾರ ಹಿರಿಯನೆದುರು ನಿಂತು, ಧರ್ಮಗಿರ್ಮ ತನಗೆ ತಿಳಿಯದು, ತಾನೊಬ್ಬ ಬರಿಯ ಕೊಲೆಗಡುಕ ಎಂದುಬಿಡುತ್ತಾನೆ. ಮರುವರ್ಷ ಲೇಖಕ ಯುಕಿಯೊ ಮಿಶಿಮ ಈ ಚಿತ್ರವನ್ನು ಗ್ರೀಕ್ ದುರಂತನಾಟಕಕ್ಕೆ ಹೋಲಿಸಿದರು. ನನಗೆ ಮಾತ್ರ ಇದು, ಕಸಹಾರ ತಾವೇ ಕಟ್ಟಿದ ಗುಡಿಯಿಂದ ಕಿತ್ತ ಮೊದಲ ಕಲ್ಲಿನಂತೆ ಕಾಣುತ್ತದೆ. (ಆ ಸಂಚುಗಾರನ ಪಾತ್ರ ಮಾಡಿದ ನೊಬುವೊ ಕನೆಕೊ ಅವರೇ ಮುಂದೆ ‘ಜಿಂಗಿ’ಯಲ್ಲಿ ಅತ್ತು ಕರೆದು ಕೆಲಸ ಸಾಧಿಸುವ ಗ್ಯಾಂಗಿನ ಯಜಮಾನ ಯಮಮೋರಿಯಾದರು.)

‘ಜಿಂಗಿ’ಯ ಮೂಲ, ಹಿರೋಷಿಮಾ ಸೀಮೆಯ ಗ್ಯಾಂಗ್ ಕಾಳಗದಲ್ಲಿ ಪಾಲ್ಗೊಂಡಿದ್ದ ಕೋಜೋ ಮಿನೋ ಸೆರೆಮನೆಯಲ್ಲಿ ಬರೆದ ನೆನಪುಗಳು, ಅವನ್ನು ಆಧರಿಸಿ ಕೋಯಿಚಿ ಇಯಿಬೋಷಿ ವಾರಪತ್ರಿಕೆಯೊಂದರಲ್ಲಿ ಲೇಖನಮಾಲೆ ಪ್ರಕಟಿಸಿದ್ದರು. ಅಷ್ಟಕ್ಕೇ ತೃಪ್ತರಾಗದ ಕಸಹಾರ, ನೌಕಾನೆಲೆಯ ಊರಾದ ಕುರೆಗೆ ಹೋಗಿ ಮಿನೋ ಅವರನ್ನೇ ಕಂಡರು. ಸಿನಿಮಾ ಮಾಡಲು ಬಿಡುವುದಿಲ್ಲ ಎಂದು ಖಡಾಖಂಡಿತವಾಗಿ ಹೇಳಿದ್ದ ಮಿನೋ, ಯುದ್ಧಕಾಲದಲ್ಲಿ ಇಬ್ಬರೂ ಓತಕೆಯ ಒಂದೇ ನೌಕಾದಳ ಶಿಬಿರದಲ್ಲಿದ್ದವರೆಂಬುದು ಮಾತಿನ ನಡುವೆ ತಿಳಿದ ಮೇಲೆ ಮನಸ್ಸು ಬಿಚ್ಚಿದರು. ಯಾರು ಯಾರಿಗೆ ಕೈಕೊಟ್ಟರು, ಯಾರು ಹೆದರಿ ಅಡಗಿದರು ಎಂಬುದೆಲ್ಲ ಹೀಗೆ ಕೇಳಿ ತಿಳಿದದ್ದು, ಕಾಳಸಂತೆಯ ಲೆಕ್ಕಾಚಾರದೊಡನೆ, ಹಿರೋಷಿಮಾದ ಒರಟು ಆಡುಮಾತಿನಲ್ಲೇ ಚಿತ್ರಕಥೆಯೊಳಗೆ ಬಂತು. ನೀವು ತೆರೆಯ ಮೇಲೆ ಕಂಡ ಗೊಂದಲದ ಒಳಗೆ ಯಾರ ನಿಷ್ಠೆ ಯಾವ ಗಳಿಗೆಯಲ್ಲಿ ಯಾವ ಕಡೆಗೆ ವಾಲುತ್ತದೆ ಎಂಬುದು ಎಲ್ಲೂ ತಪ್ಪುವುದಿಲ್ಲ. ಕ್ಯಾಮೆರಾ ಅಷ್ಟು ಸಲೀಸಾಗಿ ಹುಚ್ಚೆದ್ದು ಓಡಲು ಸಾಧ್ಯವಾದದ್ದೇ ಅದರಿಂದ.

ಬಳಿಕ ಅವರು ಪೊಲೀಸರು ಮತ್ತು ಗ್ಯಾಂಗುಗಳ ಒಳನಂಟನ್ನು ಕುರಿತು 1975ರಲ್ಲಿ ಫುಕಸಾಕು ಅವರಿಗೇ ಇನ್ನೊಂದು ಚಿತ್ರಕಥೆ ಬರೆದರು. 1980ರ ದಶಕದಲ್ಲಿ ಯುದ್ಧಚಿತ್ರಗಳತ್ತ ಹೊರಳಿ, 2002ರ ಡಿಸೆಂಬರಿನಲ್ಲಿ, ಫುಕಸಾಕು ಅವರಿಗಿಂತ ಒಂದು ತಿಂಗಳು ಮೊದಲು, ತೀರಿಕೊಂಡರು.

ಇನ್ನು ಎರಡನೆಯ ಪ್ರಶ್ನೆ. ನಿಮ್ಮ ಕಣ್ಣು ಚುರುಕಾಗಿದೆ. 1973ರ ಜನವರಿಯಿಂದ 1974ರವರೆಗೆ ಬಂದ ಐದು ಭಾಗಗಳಲ್ಲಿ ಕಸಹಾರ ಬರೆದದ್ದು ನಾಲ್ಕನ್ನು ಮಾತ್ರ. ಕಥೆ ಅಲ್ಲಿಗೆ ಮುಗಿಯಿತೆಂದು ಅವರು ಲೇಖನಿ ಕೆಳಗಿಟ್ಟರು. ಸಂಸ್ಥೆಗೆ ಇನ್ನೂ ಒಂದು ಭಾಗ ಬೇಕಿತ್ತು, ಅದನ್ನು ಕೋಜಿ ತಕದ ಬರೆದರು.

— ಸಂಪಾದಕ