ಎರಡು ಹೊಳೆಗಳ ನಡುವಿನ ಜಗಳ: ನಿಮ್ಮ ಪ್ರಶ್ನೆ, ನಮ್ಮ ಉತ್ತರ

ಕಳೆದ ಸಂಚಿಕೆಯಲ್ಲಿ ರಾಯಚೂರು ದೋಆಬ್, ಅಂದರೆ ಕೃಷ್ಣೆ ತುಂಗಭದ್ರೆಗಳ ನಡುವಿನ ನೆಲದ ಬಗ್ಗೆ ಎರಡೇ ಸಾಲು ಬರೆದಿದ್ದೆ, "ಇದಕ್ಕಾಗಿ ವಿಜಯನಗರ, ಬಹಮನಿಗಳು ಇನ್ನೂರು ವರ್ಷ ಬಡಿದಾಡಿದರು" ಅಂತ. ಅದಕ್ಕೆ ಇಷ್ಟೊಂದು ಪತ್ರ ಬರುತ್ತವೆ ಅಂದುಕೊಂಡಿರಲಿಲ್ಲ. ಹಾಗಾಗಿ ಈ ಸಲ ಬೇರೆ ವಿಷಯ ಇಲ್ಲ, ಪೂರ್ತಿ ಅದೇ.

ಪ್ರಶ್ನೆ: ನಮ್ಮದು ಬರಗಾಲದ ಸೀಮೆ ಅಂತಲೇ ಎಲ್ಲರೂ ಹೇಳುವುದು. ಇಂಥ ನೆಲಕ್ಕಾಗಿ ರಾಜರು ಯಾಕೆ ಸಾಯಬೇಕಿತ್ತು?
(ಓದುಗರು, ಸಿಂಧನೂರು)

ಉತ್ತರ: ಒಂದು ಸಲ ನಕಾಶೆ ತೆಗೆದು ನೋಡಿ. ಮೇಲೆ ಕೃಷ್ಣೆ, ಕೆಳಗೆ ತುಂಗಭದ್ರೆ, ಮುಂದೆ ಹೋಗಿ ಎರಡೂ ಕೂಡುತ್ತವೆ. ಹಳೆಯ ಶಾಸನಗಳು ಈ ಜಾಗವನ್ನು ಎಡೆದೊರೆ ಅನ್ನುತ್ತವೆ. ದೊರೆ ಅಂದರೆ ಇಲ್ಲಿ ರಾಜ ಅಲ್ಲ, ತೊರೆ. ತೊರೆಗಳ ಎಡೆಯ ನಾಡು. (ಪರ್ಷಿಯನ್ನಿನ ದೋಆಬ್‌ಗಿಂತ ಇದೇ ಚೆಂದದ ಹೆಸರು, ಆದರೆ ಈಗ ಯಾರೂ ಬಳಸಲ್ಲ.)

ಈಗ ದಂಡನಾಯಕನ ಕಣ್ಣಲ್ಲಿ ನೋಡಿ. ಮಳೆಗಾಲದಲ್ಲಿ ಹೊಳೆ ತುಂಬಿದರೆ ಸೈನ್ಯ ದಾಟುವುದು ಕಷ್ಟ, ಬೇಸಿಗೆಯಲ್ಲಿ ನೀರು ಇಳಿದರೆ ಎಷ್ಟೋ ಕಡೆ ನಡೆದೇ ದಾಟಬಹುದು. ಗುಲ್ಬರ್ಗದ ಬಹಮನಿ ಸುಲ್ತಾನನಿಗೆ ಗಡಿ ತುಂಗಭದ್ರೆಯಾದರೆ ನಿದ್ದೆ, ಹಂಪಿಯ ರಾಯನಿಗೆ ಗಡಿ ಕೃಷ್ಣೆಯಾದರೆ ನಿದ್ದೆ. ಹಂಪಿ ಇರುವುದು ತುಂಗಭದ್ರೆಯ ದಡದಲ್ಲೇ, ಆಚೆ ದಡದಿಂದಲೇ ಶತ್ರುವಿನ ನೆಲ ಶುರುವಾದರೆ ಯಾವ ರಾಜ ತಾನೇ ಸುಮ್ನೆ ಕೂರುತ್ತಾನೆ? ಇಬ್ಬರ ನಿದ್ದೆಯೂ ಒಂದೇ ನೆಲದ ಮೇಲೆ ನಿಂತಿತ್ತು, ಹಾಗಾಗಿ ಯಾವತ್ತೂ ಒಬ್ಬನಿಗೆ ಮಾತ್ರ ನಿದ್ದೆ.

ಇನ್ನು "ಇಂಥ ನೆಲ" ಅಂದಿರಲ್ಲ, ಅದನ್ನು ಒಪ್ಪಲ್ಲ. ಎರೆ ಭೂಮಿ. ಮಳೆ ಒಂದು ಹದಕ್ಕೆ ಬಿದ್ದರೆ ಜೋಳ, ಹತ್ತಿ ತಾವಾಗಿ ಬರುತ್ತವೆ, ಅಂದರೆ ಕಂದಾಯ. ಜೊತೆಗೆ ಲಿಂಗಸುಗೂರು ಕಡೆ ಹಟ್ಟಿ ಚಿನ್ನ. ಅಲ್ಲಿ ಪ್ರಾಚೀನ ಕಾಲದಲ್ಲೇ ಗಣಿ ತೋಡಿದ್ದ ಗುರುತುಗಳಿವೆ. ಪಕ್ಕದ ಮಸ್ಕಿಯಲ್ಲಿ ಅಶೋಕನ ಶಾಸನ ಸಿಕ್ಕಿದ್ದೂ 1915ರಲ್ಲಿ ಚಿನ್ನ ಹುಡುಕುತ್ತಿದ್ದ ಒಬ್ಬ ಎಂಜಿನಿಯರ್ ಕಣ್ಣಿಗೆ. ಇಷ್ಟೆಲ್ಲ ಕಾಯಲು ರಾಯಚೂರು, ಮುದಗಲ್ ಎಂಬ ಎರಡು ಕೋಟೆ. ಕೋಟೆ ಹಿಡಿದವನಿಗೆ ಸುತ್ತಲಿನ ಹಳ್ಳಿಗಳ ಕಂದಾಯ. ಆ ಕಾಲದಲ್ಲಿ ನಾಡು ಹಿಡಿಯುವುದು ಅಂದರೆ ಹೆಚ್ಚುಕಡಿಮೆ ಇಷ್ಟೇ.

ಪ್ರಶ್ನೆ: ಇದು ಹಿಂದೂ ಮುಸ್ಲಿಂ ಯುದ್ಧ ಅಂತ ಶಾಲೆಯಲ್ಲಿ ಓದಿದ್ದೆ. ಈಗ ಕೆಲವರು ಅಲ್ಲ ಅನ್ನುತ್ತಾರೆ. ನೀವು ಯಾವ ಕಡೆ?
(ವಿದ್ಯಾರ್ಥಿ, ಬೆಂಗಳೂರು)

ಉತ್ತರ: ನಾನು ಹೊಳೆಯ ಕಡೆ. ತಮಾಷೆಗೆ ಹೇಳಲಿಲ್ಲ. ವಿಜಯನಗರ ಹುಟ್ಟಿದ್ದು 1336ರಲ್ಲಿ, ಬಹಮನಿ ರಾಜ್ಯ 1347ರಲ್ಲಿ. ಅದಕ್ಕೂ ಮುನ್ನೂರು ವರ್ಷ ಮೊದಲೇ ಇದೇ ನೆಲಕ್ಕೆ ಚೋಳರೂ ಕಲ್ಯಾಣದ ಚಾಲುಕ್ಯರೂ ಬಡಿದಾಡಿದ್ದರು. ರಾಜೇಂದ್ರ ಚೋಳ ತಾನು ಗೆದ್ದ ನಾಡುಗಳ ಪಟ್ಟಿಯಲ್ಲಿ ಎಡೆದೊರೆಯನ್ನು ತಮಿಳಿನಲ್ಲಿ ಇಡೈತುರೈನಾಡು ಅಂತ ಬರೆಸಿದ್ದಾನೆ. 1021ರ ಹೊತ್ತಿಗೆ ಅವನಿಗೂ ಚಾಲುಕ್ಯ ಜಯಸಿಂಹನಿಗೂ ಮುಸಂಗಿ ಎಂಬಲ್ಲಿ ಕಾಳಗ ಆಯಿತು. ಅದು ನಮ್ಮ ಮಸ್ಕಿಯೇ ಎನ್ನುವ ವಿದ್ವಾಂಸರು ಹಲವರು. ಗೆದ್ದೆವು ಅಂತ ಎರಡೂ ಕಡೆಯ ಶಾಸನಗಳೂ ಹೇಳಿಕೊಳ್ಳುತ್ತವೆ! ಇಬ್ಬರ ಮನೆಯಲ್ಲೂ ಶಿವಪೂಜೆ ನಡೆಯುತ್ತಿತ್ತು ಅನ್ನುವುದನ್ನು ಮರೆಯಬೇಡಿ.

ಆಮೇಲಿನದ್ದೂ ಅಷ್ಟು ನೇರ ಇಲ್ಲ. ವಿಜಯನಗರದ ಇಮ್ಮಡಿ ದೇವರಾಯನ ಸೈನ್ಯದಲ್ಲಿ ಮುಸ್ಲಿಂ ಬಿಲ್ಲುಗಾರರಿದ್ದರು. ಅವನ ಸೇವೆಯಲ್ಲಿದ್ದ ಅಹ್ಮದ್ ಖಾನ್ 1439ರಲ್ಲಿ ಹಂಪಿಯಲ್ಲಿ ಕಟ್ಟಿಸಿದ ಮಸೀದಿ ಈಗಲೂ ಇದೆ, ಅದರ ಕನ್ನಡ ಶಾಸನ ಅದನ್ನು ಧರ್ಮಸಾಲೆ ಅಂತಲೇ ಕರೆಯುತ್ತದೆ. ಹಾಗಂತ ಧರ್ಮಕ್ಕೂ ಇದಕ್ಕೂ ಸಂಬಂಧವೇ ಇಲ್ಲ ಅಂದರೂ ಸುಳ್ಳಾಗುತ್ತದೆ. ಗೆದ್ದವರು ಗುಡಿ ಕೆಡವಿದ್ದುಂಟು, ಕವಿಗಳೂ ಚರಿತ್ರೆಕಾರರೂ ಧರ್ಮದ ಮಾತಿನಲ್ಲೇ ಹೊಗಳಿದ್ದುಂಟು. ಆದರೆ ಸೈನ್ಯ ಹೊರಡುತ್ತಿದ್ದದ್ದು ಕೋಟೆಗೆ, ಕಂದಾಯಕ್ಕೆ.

ಪ್ರಶ್ನೆ: ನಮ್ಮೂರಿನ ಅಕ್ಕಸಾಲಿಗನ ಮಗಳಿಗಾಗಿ ಯುದ್ಧ ಆಯಿತಂತೆ, ನಿಜವೇ?
(ಓದುಗರು, ಮುದಗಲ್)

ಉತ್ತರ: ಕಥೆ ಹೀಗಿದೆ. 1406ರಲ್ಲಿ ಒಂದನೇ ದೇವರಾಯ ಈ ಹುಡುಗಿಯ ಚೆಲುವಿನ ಸುದ್ದಿ ಕೇಳಿ ಮದುವೆಗೆ ಕರೆ ಕಳಿಸಿದ, ಅವಳು ಒಲ್ಲೆ ಅಂದಳು, ಅವನು ಕುದುರೆ ಸವಾರರನ್ನು ಅಟ್ಟಿದ, ಅಷ್ಟರಲ್ಲಿ ಮನೆಯವರೆಲ್ಲ ಓಡಿಹೋಗಿದ್ದರು, ಬಂದವರು ಸುಮ್ಮನೆ ಹಿಂದಿರುಗದೆ ಸುತ್ತಲಿನ ಊರು ಕೊಳ್ಳೆ ಹೊಡೆದರು. ಬಹಮನಿ ಸುಲ್ತಾನ ಫಿರೋಜ್ ಷಾ ಅದನ್ನೇ ನೆಪ ಮಾಡಿಕೊಂಡು ವಿಜಯನಗರದ ತನಕ ಬಂದ. ಕೊನೆಗೆ ರಾಯನ ಮಗಳನ್ನು ತಾನು ಮದುವೆಯಾದ, ಬಂಕಾಪುರವನ್ನು ಬಳುವಳಿಯಾಗಿ ಪಡೆದ, ಮುದಗಲ್ಲಿನ ಹುಡುಗಿಯನ್ನು ತನ್ನ ಮಗನಿಗೆ ತಂದುಕೊಂಡ.

ಇದನ್ನು ಬರೆದವನು ಫೆರಿಷ್ತಾ ಎಂಬ ಪರ್ಷಿಯನ್ ಚರಿತ್ರೆಕಾರ. ಅವನು ಬರೆದದ್ದು ಸುಮಾರು ಇನ್ನೂರು ವರ್ಷ ಆದಮೇಲೆ, ಅದೂ ಬಿಜಾಪುರದ ಆಸ್ಥಾನದಲ್ಲಿ ಕೂತು. ಯುದ್ಧ ಆಗಿದ್ದು ನಿಜ. ಹುಡುಗಿ ಇದ್ದಿರಬಹುದು. ಆದರೆ ಎರಡು ಸಾಮ್ರಾಜ್ಯ ಬರೀ ಅವಳಿಗಾಗಿ ಹೊರಟವು ಅನ್ನುವುದನ್ನು ನಾನು ನಂಬಲ್ಲ. ನನಗೆ ಇದರಲ್ಲಿ ಇಷ್ಟವಾಗುವುದು ಒಂದೇ ಮಾತು, ಅವಳು ಒಲ್ಲೆ ಅಂದದ್ದು.

ಪ್ರಶ್ನೆ: 1520ರ ಯುದ್ಧದಲ್ಲಿ ಪೋರ್ಚುಗೀಸರ ಬಂದೂಕಿನಿಂದಲೇ ಕೃಷ್ಣದೇವರಾಯ ಗೆದ್ದನೇ?
(ನಿವೃತ್ತ ಶಿಕ್ಷಕರು, ರಾಯಚೂರು)

ಉತ್ತರ: ಮೇಷ್ಟ್ರೇ, ಅರ್ಧ ಹೌದು. ಇದರಲ್ಲಿ ಎರಡು ಭಾಗ ಇದೆ, ಜನ ಕಲಸಿಬಿಡುತ್ತಾರೆ.

ಜಗಳ ಶುರುವಾದದ್ದು ಕುದುರೆಯಿಂದ. ಗೋವೆಯಲ್ಲಿ ಕುದುರೆ ಕೊಳ್ಳಲು ರಾಯ ಒಬ್ಬ ಮುಸ್ಲಿಂ ವ್ಯಾಪಾರಿಯ ಕೈಗೆ 40,000 ಪರ್ದಾವ್ (ಅಂದರೆ ನಮ್ಮ ವರಹ) ಕೊಟ್ಟು ಕಳಿಸಿದ. ಅವನು ದುಡ್ಡಿನ ಸಮೇತ ಬಿಜಾಪುರದ ಕಡೆ ಪರಾರಿ! ಅಲ್ಲಿನ ಸುಲ್ತಾನ ಇಸ್ಮಾಯಿಲ್ ಆದಿಲ್ ಷಾ ಅವನನ್ನು ಒಪ್ಪಿಸಲಿಲ್ಲ. (ಆ ಹೊತ್ತಿಗೆ ಬಹಮನಿ ರಾಜ್ಯ ಒಡೆದು ಬಿಜಾಪುರ ಬೇರೆ ರಾಜ್ಯವಾಗಿತ್ತು.) ಇದನ್ನು ಹೇಳುವವನು ನೂನಿಸ್, ಪೋರ್ಚುಗೀಸ್ ಕುದುರೆ ವ್ಯಾಪಾರಿ, ಹಾಗಾಗಿ ಕುದುರೆ ವಿಷಯದಲ್ಲಿ ಅವನನ್ನು ನಂಬಬಹುದು. ರಾಯನ ಕಾಲಾಳು ಏಳು ಲಕ್ಷ ಅಂತಲೂ ಅವನೇ ಬರೆದಿದ್ದಾನೆ, ಅದನ್ನು ಬಿಟ್ಟುಬಿಡಿ. ಅಷ್ಟು ಜನಕ್ಕೆ ಮೇ ತಿಂಗಳ ದೋಆಬಿನಲ್ಲಿ ಕುಡಿಯುವ ನೀರು ಎಲ್ಲಿಂದ ತರೋದು?

ರಾಯ ರಾಯಚೂರಿಗೆ ಮುತ್ತಿಗೆ ಹಾಕಿ ಕೂತಿದ್ದ. ಆದಿಲ್ ಷಾ ಕೃಷ್ಣೆ ದಾಟಿ ಬಂದ. ಮೇ 19ರಂದು ಕಾಳಗ. ಆದಿಲ್ ಷಾ ಫಿರಂಗಿಯನ್ನೇ ನೆಚ್ಚಿಕೊಂಡಿದ್ದ, ಎಲ್ಲವನ್ನೂ ಒಟ್ಟಿಗೆ ಹಾರಿಸಿದ. ರಾಯನ ಮುಂದಿನ ಸಾಲು ಮುರಿದು ಓಡಿತು. ಆಗ ರಾಯ ಹಿಂದಿನ ದಳ ಕಟ್ಟಿಕೊಂಡು ತಾನೇ ನುಗ್ಗಿದ, ಬಿಜಾಪುರದವರ ಬೆನ್ನಿಗೆ ಹೊಳೆ, ಓಡಲು ಜಾಗ ಇಲ್ಲ, ಎಷ್ಟೋ ಜನ ನೀರಿಗೆ ಬಿದ್ದು ಸತ್ತರು, ಆದಿಲ್ ಷಾ ಹೇಗೋ ಆಚೆ ದಡ ಸೇರಿಕೊಂಡ. ನಾನೂರು ದೊಡ್ಡ ಫಿರಂಗಿ ರಾಯನ ಕೈಗೆ ಸಿಕ್ಕವು ಅನ್ನುತ್ತಾನೆ ನೂನಿಸ್. ಅಂದರೆ ಬಯಲಿನಲ್ಲಿ ಸೋತದ್ದೇ ಮದ್ದುಗುಂಡು ಜಾಸ್ತಿ ಇದ್ದ ಕಡೆ.

ಕೋಟೆಯ ಕಥೆ ಬೇರೆ. ಅದು ಇನ್ನೂ ಬಿದ್ದಿರಲಿಲ್ಲ. ರಾಯನ ಕಡೆಯವರು ಗೋಡೆ ಒಡೆಯುತ್ತಿದ್ದದ್ದು ಹಾರೆ, ಗುದ್ದಲಿಯಿಂದ. ಕಿತ್ತು ತಂದ ಒಂದೊಂದು ಕಲ್ಲಿಗೂ ಅದರ ಗಾತ್ರ ನೋಡಿ ಹತ್ತರಿಂದ ಐವತ್ತು ಹಣದವರೆಗೆ (ಹಣ ಅಂದರೆ ಆಗಿನ ಒಂದು ಸಣ್ಣ ನಾಣ್ಯ) ಕೊಡುತ್ತಿದ್ದರಂತೆ. ಗೋಡೆ ಹತ್ತಿರ ಹೋದರೆ ಮೇಲಿಂದ ಬಾಣ, ಕಲ್ಲು, ಗುಂಡು. ಸಾವಿಗೆ ಕೂಲಿ ಲೆಕ್ಕ! ಆ ಹೊತ್ತಿಗೆ ಕ್ರಿಸ್ಟೋವಾವ್ ಡಿ ಫಿಗೇರೆಡೊ ಎಂಬ ಪೋರ್ಚುಗೀಸ ಇಪ್ಪತ್ತು ಬಂದೂಕುಗಾರರೊಂದಿಗೆ ಬಂದ. ಗೋಡೆಯ ಮೇಲೆ ತಲೆ ಎತ್ತಿದವರಿಗೆಲ್ಲ ಗುರಿಯಿಟ್ಟು ಹೊಡೆದರು. ಕೋಟೆಯ ಮುಖ್ಯಸ್ಥನೇ ಹಣೆಗೆ ಗುಂಡು ಬಿದ್ದು ಸತ್ತ, ಮರುದಿನ ಕೋಟೆ ಶರಣಾಯಿತು. ಆದ್ದರಿಂದ ಯುದ್ಧ ಗೆದ್ದವನು ರಾಯ, ಕೋಟೆ ಬೇಗ ಬಿದ್ದದ್ದು ಫಿಗೇರೆಡೊನಿಂದ.

ಪ್ರಶ್ನೆ: ಇದೆಲ್ಲದರ ನಡುವೆ ರೈತನ ಗತಿ?
(ಓದುಗರು, ಕುಷ್ಟಗಿ)

ಉತ್ತರ: ಎರಡು ಕೋಣ ಹೋರಾಡಿದರೆ ಗಿಡಕ್ಕೆ ಸಾವು ಅಂತ ಹಿರಿಯರು ಹೇಳಿದ್ದು ನಿಮ್ಮ ಸೀಮೆಗೇ ಇರಬೇಕು. 1366ರ ಸುಮಾರಿಗೆ ಬುಕ್ಕ ಮುದಗಲ್ ಹಿಡಿದಾಗ ಕೋಟೆಯವರನ್ನೆಲ್ಲ ಕೊಂದರು, ಅದಕ್ಕೆ ಬಹಮನಿ ಮುಹಮ್ಮದ್ ಷಾ ವಿಜಯನಗರದ ಹಳ್ಳಿಗಳಲ್ಲಿ ಸೇಡು ತೀರಿಸಿದ. ಫೆರಿಷ್ತಾ ಹೇಳುವ ಸತ್ತವರ ಲೆಕ್ಕ ಲಕ್ಷಗಳಲ್ಲಿದೆ, ಅಷ್ಟು ಇರಲಾರದು. ಆದರೆ ಇನ್ನು ಮುಂದೆ ಆಯುಧ ಹಿಡಿಯದವರನ್ನು ಕೊಲ್ಲಬಾರದು ಅಂತ ಎರಡೂ ಕಡೆ ಒಪ್ಪಂದ ಆಯಿತು ಅಂತಲೂ ಅವನೇ ಬರೆಯುತ್ತಾನೆ. ಅಂಥ ಒಪ್ಪಂದ ಬೇಕಾಯಿತು ಅಂದಮೇಲೆ ಅದಕ್ಕೂ ಮುಂಚೆ ಏನು ನಡೆಯುತ್ತಿತ್ತು ಅಂತ ಗೊತ್ತಾಗುತ್ತದೆ, ಅಲ್ವಾ? ದಂಡು ಬರುತ್ತಿದ್ದದ್ದು ಹೆಚ್ಚಾಗಿ ಹೊಳೆ ಇಳಿದಾಗ. ಅಂದರೆ ಸುಗ್ಗಿ ಮುಗಿದು ಕಣಜ ತುಂಬಿದಾಗ.

ಪ್ರಶ್ನೆ: ಕೊನೆಗೆ ಯಾರ ಪಾಲಾಯಿತು? ಕೋಟೆ ನೋಡಲು ಯಾವಾಗ ಹೋಗಬೇಕು?
(ಓದುಗರು, ದುಬೈ)

ಉತ್ತರ: ಕೃಷ್ಣದೇವರಾಯ 1529ರಲ್ಲಿ ತೀರಿಕೊಂಡ, ಸ್ವಲ್ಪ ದಿನದಲ್ಲೇ ಆದಿಲ್ ಷಾ ರಾಯಚೂರು, ಮುದಗಲ್ ಎರಡನ್ನೂ ವಾಪಸ್ ಹಿಡಿದ. ಅಷ್ಟು ಸತ್ತದ್ದು ಹತ್ತು ವರ್ಷಕ್ಕೆ! ಮತ್ತೆ ಕೈ ಬದಲಾಗಿ, 1565ರ ತಾಳಿಕೋಟೆ ಯುದ್ಧದ ನಂತರ ಬಿಜಾಪುರಕ್ಕೇ ಉಳಿಯಿತು. 1686ರಲ್ಲಿ ಔರಂಗಜೇಬ ಬಿಜಾಪುರ ನುಂಗಿದ, ಆಮೇಲೆ ನಿಜಾಮ. 1853ರಲ್ಲಿ ನಿಜಾಮ ತನ್ನ ಸಾಲಕ್ಕೆ ಇದನ್ನು ಇಂಗ್ಲಿಷರ ಕೈಗೆ ಬಿಟ್ಟುಕೊಟ್ಟ, 1860ರಲ್ಲಿ ಅವರು ತಿರುಗಿಸಿಕೊಟ್ಟರು. 1948ರಲ್ಲಿ ಹೈದರಾಬಾದಿನ ಜೊತೆ ಭಾರತಕ್ಕೆ, 1956ರಲ್ಲಿ ನಮ್ಮ ರಾಜ್ಯಕ್ಕೆ.

ರಾಯಚೂರಿಗೆ ಹೋದರೆ ಒಳಕೋಟೆಯ ಗೋಡೆಯಲ್ಲಿರುವ ಸುಮಾರು 41 ಅಡಿ ಉದ್ದದ ಒಂದೇ ಕಲ್ಲನ್ನು ತಪ್ಪದೆ ನೋಡಿ. 1294ರ ಕಾಕತೀಯರ ಕಾಲದ ತೆಲುಗು ಶಾಸನ ಅದರ ಮೇಲಿದೆ, ಆ ಕಲ್ಲನ್ನು ಬಂಡಿಯಲ್ಲಿ ಎಳೆದು ತರುವ ಚಿತ್ರವನ್ನೂ ಗೋಡೆಯಲ್ಲೇ ಕೆತ್ತಿದ್ದಾರೆ. ಮುದಗಲ್ಲಿಗೆ ಮೊಹರಂ ಹೊತ್ತಿಗೆ ಹೋಗಿ, ಎಲ್ಲ ಜಾತಿಯವರೂ ಸೇರುವ ಹಬ್ಬ. ಡಿಸೆಂಬರ್ ಆದರೆ ಕೋಟೆ ಹತ್ತಲು ಒಳ್ಳೆಯದು. ನಾನು ಕೃಷ್ಣದೇವರಾಯನ ಹಾಗೆ ಮೇ ತಿಂಗಳಲ್ಲಿ ಹೋಗಿದ್ದೆ, ಅರ್ಧ ಮೆಟ್ಟಿಲಲ್ಲೇ ಕೂತು ಎರಡು ಸೋಡಾ ಕುಡಿದು ಇಳಿದು ಬಂದೆ.