ಇಟಲಿಯ ಮೊದಲ ಟಾಕಿಯ ಲೂಚಿಯಾ

ಇಟಲಿಯ ಮೊದಲ ಮಾತಿನ ಚಿತ್ರದ ನಾಯಕಿ ಯಾರು ಅಂತ ಕೇಳಿದ್ದೀರಿ. ಅವರು ದ್ರಿಯಾ ಪಾವೊಲಾ, ರೊವಿಗೊ ಊರಿನವರು. 1930ರ 'ಲಾ ಕಂಜೋನೆ ದೆಲ್ಲಾಮೋರೆ'ಯಲ್ಲಿ ಲೂಚಿಯಾ ಪಾತ್ರ ಅವರದು. ತಾಯಿ ತೀರಿಕೊಂಡ ಮೇಲೆ, ಆಕೆ ಬಿಟ್ಟುಹೋದ ಹಸುಗೂಸನ್ನು ಸಾಕಲು ಪ್ರೀತಿಸಿದವನನ್ನೇ ಬಿಟ್ಟು ಬರುವ ಹುಡುಗಿ. ಇಟಲಿಯ ಲೇಖಕ ಪಿರಾಂಡೆಲ್ಲೊ ಬರೆದ ಕಥೆಯಿಂದ ತೆಗೆದ ಚಿತ್ರ ಇದು. ಮೂಲ ಕಥೆಯ ಹೆಸರಿನ ಅರ್ಥ 'ಮೌನದಲ್ಲಿ'. ಮೊದಲ ಟಾಕಿಗೆ ಎಂಥ ಮೂಲ ಅಲ್ವಾ!

ಇವತ್ತಿಗೂ ಜನರ ಬಾಯಲ್ಲಿರುವುದು ಅದರ ಹಾಡು, 'ಸೋಲೊ ಪೆರ್ ತೆ ಲೂಚಿಯಾ'. ಪಾತ್ರದ ಹೆಸರು ಹಾಡಿನಲ್ಲಿ ಉಳಿಯಿತು, ನಟಿಯ ಹೆಸರು ಮರೆತೇಹೋಯಿತು. ನನಗೆ ಅದೇ ಜಾಸ್ತಿ ಬೇಜಾರು. ಟಾಕಿಗೂ ಮೊದಲು, 1929ರಲ್ಲಿ, ಪಾವೊಲಾ ನಿರ್ದೇಶಕ ಬ್ಲಾಸೆಟ್ಟಿಯ ಮೂಕಿಚಿತ್ರ 'ಸೋಲೆ'ಯಲ್ಲಿ ನಟಿಸಿದ್ದರು. ಅದರ ಒಂದು ತುಣುಕಷ್ಟೇ ಉಳಿದಿದೆ. ಹಾಗಾಗಿ ಮೊದಲು ಟಾಕಿಯನ್ನೇ ನೋಡಿ.